ಅಪ್‌ಡೇಟ್ ಆದ ಓನರ್

'ಸುಧಾರಿಸಲಾಗಿದೆ' ಎಂದು ಬರೆದಿರುವ ಯಾವುದನ್ನೂ ನಾನು ನಂಬುವುದಿಲ್ಲ. ಬಿಸ್ಕೆಟ್ ಪೊಟ್ಟಣದ ಮೇಲೆ ಹಾಗೆ ಬರೆದ ವಾರವೇ ಬಿಸ್ಕೆಟ್ ತೆಳ್ಳಗಾಗುತ್ತದೆ. ಮಾರೇನಹಳ್ಳಿಯಲ್ಲಿ ನಾನು ತಿಂಡಿ ತಿನ್ನುವ ಹೋಟೆಲು ನವೀಕರಣಗೊಂಡ ಮೇಲೆ ಗೋಡೆಗೆಲ್ಲ ಕನ್ನಡಿ ಬಂತು, ಚಟ್ನಿ ಎರಡನೇ ಸಲ ಬರುವುದು ನಿಂತಿತು. ಆದ್ದರಿಂದ ಬಸವೇಶ್ವರನಗರದ ನಮ್ಮ ಮನೆಯ ಮಹಡಿಯಲ್ಲಿ ಬಾಡಿಗೆಗಿರುವ ಮಲ್ಲಿಕಾರ್ಜುನ, ತಾನೊಬ್ಬನೇ ಕೂತು ಮಾಡಿದ ಮೊಬೈಲ್ ಗೇಮಿಗೆ ಅಪ್‌ಡೇಟ್ ಬಿಟ್ಟಿದ್ದೇನೆ, ವೇಗ ಹೆಚ್ಚಿಸಿದ್ದೇನೆ, ಹೊಸದೂ ಸೇರಿಸಿದ್ದೇನೆ ಎಂದಾಗ ಮೂಗು ಮುರಿದೆ.

ಆಟವೇನೂ ಘನಂದಾರಿಯಲ್ಲ. ಒಬ್ಬ ಬಾಡಿಗೆದಾರ, ಊರಿಂದ ಬಂದ ತಂಗಿಯನ್ನು ಓನರ್ ಕಣ್ಣಿಗೆ ಬೀಳದಂತೆ ಮಹಡಿ ಹತ್ತಿಸಬೇಕು, ಅಷ್ಟೇ. ಗದಗದ ಕಡೆಯ ಈ ಮನುಷ್ಯ ಇಂಥದ್ದಕ್ಕಾಗಿ ಇದ್ದ ಕೆಲಸ ಬಿಟ್ಟು ಕೂತಿದ್ದಾನಲ್ಲ ಎಂಬ ಮರುಕದಿಂದಲೇ ನಾನು ಆಡಲು ಶುರು ಮಾಡಿದ್ದು. ಅಪ್‌ಡೇಟಿಗೆ ಮುಂಚೆ ಆಡುವಾಗ ಫೋನು ಇಸ್ತ್ರಿಪೆಟ್ಟಿಗೆಯಂತೆ ಕಾಯುತ್ತಿತ್ತು. ಓನರ್ ಎಂಬಾತ ಗೇಟಿನ ಬಳಿ ಒಂದು ಕಾಲೆತ್ತಿ ಹಾಗೇ ನಿಂತುಬಿಡುತ್ತಿದ್ದ. ಆ ಗ್ಯಾಪಿನಲ್ಲಿ ತಂಗಿಯನ್ನೇನು, ಇಡೀ ಮದುವೆ ದಿಬ್ಬಣವನ್ನೇ ಮೇಲೆ ಹತ್ತಿಸಬಹುದಿತ್ತು. ಇವನ್ಯಾವ ಸೀಮೆ ಓನರ್ ಎಂದು ಮಲ್ಲಿಕಾರ್ಜುನನನ್ನು ಕರೆಸಿ ತರಾಟೆಗೆ ತೆಗೆದುಕೊಂಡೆ. ಓನರ್ ಅಂದರೆ ಬಾಗಿಲಾಚೆಯ ಚಪ್ಪಲಿ ಎಣಿಸಬೇಕು, ಟ್ಯಾಂಕ್ ನೋಡುವ ನೆಪದಲ್ಲಿ ಮೇಲೆ ಬರಬೇಕು, ನೀರು ಬೇಗ ಖಾಲಿಯಾದರೆ ನೆಂಟರು ಬಂದಿದ್ದಾರೆಂದು ಊಹಿಸಬೇಕು ಎಂದು ಪಾಠ ಮಾಡಿದೆ. ಅವನು ವಿನಯದಿಂದ ತಲೆಯಾಡಿಸಿದ. ಹೋಗುವಾಗ, ಕೋಚಿಂಗಿಗೆಂದು ಬರಲಿರುವ ತನ್ನ ನಿಜವಾದ ತಂಗಿ ಮೂರು ತಿಂಗಳು ಇಲ್ಲೇ ಇರಬಹುದೇ, ಪಿ.ಜಿ.ಗೆ ಸೇರಿಸುವಷ್ಟು ಅನುಕೂಲ ತನಗಿಲ್ಲ ಎಂದು ಕೇಳಿದ. ನೆಂಟರಿಗೆ ಎರಡು ದಿನ, ಅಷ್ಟೇ ಎಂದು ಹೇಳಿ ನಾನು ಪೇಪರ್ ಓದತೊಡಗಿದೆ.

ಈಗ ಅಪ್‌ಡೇಟ್ ಹಾಕಿಕೊಂಡರೆ ಫೋನು ತಣ್ಣಗಿತ್ತು. ಅದನ್ನು ಒಪ್ಪಿಕೊಳ್ಳಲು ನನಗೆ ಹೊಟ್ಟೆಯುರಿ. ಓನರ್ ಮಾತ್ರ ಬಾಣದಂತೆ ಓಡಾಡುತ್ತಿದ್ದ. ಚಪ್ಪಲಿ ಎಣಿಸಿದ, ಟ್ಯಾಂಕ್ ನೋಡಲು ಬಂದ. ಎಲ್ಲಿ ಬಚ್ಚಿಟ್ಟರೂ ತಂಗಿ ಬ್ಯಾಗಿನ ಸಮೇತ ಬೀದಿಗೆ. ವಾರವಿಡೀ ಸೋತೆ. ಆ ಹೆಣ್ಣುಮಗಳನ್ನು ನೋಡಿ ನಿಜಕ್ಕೂ ಸಂಕಟವಾಗುತ್ತಿತ್ತು. ಇಂಥ ಕಟುಕ ಯಾವ ಬೀದಿಯಲ್ಲಿರುತ್ತಾನೆ ಎಂದು ಬೈದುಕೊಂಡೆ. ಕೊನೆಗೆ ಮೂಲೆಯಲ್ಲಿ 'ಕೇಳಿ ನೋಡು' ಎಂಬ ಹೊಸ ಬಟನ್ ಕಂಡಿತು. ಒತ್ತಿದೆ. ಓನರ್ ಕನ್ನಡಕ ಸರಿಮಾಡಿಕೊಂಡು, "ಎರಡು ದಿನ, ಅಷ್ಟೇ" ಎಂದು ಪೇಪರ್ ಬಿಡಿಸಿದ. ಪಕ್ಕದಲ್ಲಿ ಹುರುಳಿಕಾಯಿ ನಾರು ತೆಗೆಯುತ್ತಿದ್ದ ನನ್ನ ಹೆಂಡತಿ ಇಣುಕಿ ನೋಡಿ, "ಮೀಸೆ ಒಂದು ಬಿಟ್ರೆ ಥೇಟ್ ನೀವೇ ಕಣ್ರೀ" ಎಂದಳು.

ಕೋಪದಲ್ಲಿ ಮೆಟ್ಟಿಲು ಹತ್ತಿದವನು ಮೇಲೆ ಮುಟ್ಟುವಷ್ಟರಲ್ಲಿ ನಾಚಿ ಹಿಡಿಯಷ್ಟಾಗಿದ್ದೆ. ನಿನ್ನ ತಂಗಿ ಬರಲಿ, ಮೂರು ತಿಂಗಳೂ ಇರಲಿ, ಆದರೆ ಮುಂದಿನ ಸಲ ಆಟದಲ್ಲೂ ಓನರ್ ಒಪ್ಪುವ ಹಾಗೆ ಮಾಡಪ್ಪ ಎಂದೆ. ಮಲ್ಲಿಕಾರ್ಜುನ ಸಂತೋಷದಿಂದ ಕೈ ಮುಗಿದ. ಆಮೇಲೆ ತಲೆ ಕೆರೆದುಕೊಂಡ.

"ಅದೊಂದ ಆಗೂದಿಲ್ರಿ ಸರ್. ಓನರ್ ಒಮ್ಮಿಗೇ ಹೂಂ ಅಂದ್ರ, ಆಡೋರು ಗೇಮ್ ಕೆಟ್ಟೈತಿ ಅಂತ ಕಂಪ್ಲೇಂಟ್ ಹಾಕ್ತಾರ."

ಎಂಥ ಜನವೋ ಎಂದುಕೊಂಡು ಕೆಳಗೆ ಬಂದೆ. ಆ ಹುಡುಗಿ ಇಲ್ಲೇ ಇರಲಿ ಎಂದು ಹೇಳಿ ಬಂದೆ ಎಂದು ಹೆಂಡತಿಗೆ ತಿಳಿಸಿದೆ. ಅವಳು ಹುರುಳಿಕಾಯಿ ಬಿಟ್ಟು ಎದ್ದು ಬಂದು, ಜ್ವರವೇನಾದರೂ ಬಂದಿದೆಯೇ ಎಂದು ನನ್ನ ಹಣೆ ಮುಟ್ಟಿ ನೋಡಿದಳು.