ನಾ ಒಗದ ಒಂದು ನಿಮಿಷ

ಬ್ಯಾಡಾದ್ದನ್ನ ತಗದು ಒಗಿಯೂದ ನನ್ನ ಹೊಟ್ಟಿಪಾಡು. ಸಿನಿಮಾ ಎಡಿಟರ್ ನಾ. ರೊಕ್ಕ ಹಾಕವರು ಸಿಗದಾಗ ನಾನ ನಿರ್ಮಾಪಕ. ಆದ್ರ ಯಾವುದು ಬ್ಯಾಡಾದ್ದು ಅನ್ನೂದರಾಗ ನಾ ಎಡವೂದು, ಮಂದಿ ನಗೂದು ಇನ್ನೂ ತಪ್ಪಿಲ್ಲ.

೧. ಬಾಜೂಮನಿ ಕಾಕು

ದಾಂಡೇಲಿಯಾಗ ನಮ್ಮದು ಕಾಗದ ಕಾರ್ಖಾನಿ ಕೆಲಸದವರ ಓಣಿ. ಬಾಜೂಮನಿ ಕಾಕು ಒಮ್ಮೆ ನಮ್ಮವ್ವನ್ನ ಕೇಳಿದ್ರು, "ನಿಮ್ಮ ಹುಡುಗ ಏನ್ ಕೆಲಸ ಮಾಡ್ತಾನ್ರಿ?"

"ಮಂದಿ ತಾಸುಗಟ್ಲೆ ಮಾತಾಡಿದ್ದನ್ನ ಕೇಳಿ, ಬ್ಯಾಡಾದ್ದು ತಗದು ಒಗೀತಾನ್ರಿ."

"ಅಯ್ಯ ಶಿವನ! ಹಂಗಾರ ನಮ್ಮ ಮನಿಯವರನ್ನ ಕಳಸ್ಲೇನ್ರಿ? ಸಂಜಿಗೆ ಏನಾರ ಉಳದ್ರ ವಾಪಸ್ ಕೊಡ್ರಿ."

೨. ಕೇಳಿದವರು

ಸ್ವಂತದ್ದೊಂದು ಪಿಕ್ಚರ್ ಮಾಡೂಣು ಅಂತ ಮಳಗಿ ಅನ್ನೂ ಊರಿನ ಆಚೆ ಒಂದು ಸಿದ್ದಿ ಮಂದಿ ಹಳ್ಳಿಗೆ ಹೋದೆ. ಅಲ್ಲೆ ಹಳೀ ಅರಿವಿ ತುಂಡು ಜೋಡಿಸಿ ಕೌದಿ ಹೊಲಿಯೂ ಒಬ್ಬಾಕಿ ಆಯಿ. ಕ್ಯಾಮೆರಾ ಹಚ್ಚಿ ಕೇಳಿದೆ, "ಆಯಿ, ಜೀವನದಾಗ ನಿಮಗ ಏನು ಬೇಕಾಗಿತ್ತು?"

ಆಯಿ ಸುಮ್ಮನಾದಳು. ಕೈಯಾಗಿನ ಸೂಜಿ ನಿಂತಿತು. ಒಂದು ಕೋಳಿ ಬಂತು, ಹೋತು. ನನಗ ಬ್ಯಾಟರಿ ಚಿಂತಿ. ಕಡೀಕ ಅಂದಳು, "ಯಾರೂ ಇದನ್ನ ಕೇಳಿರಲಿಲ್ಲ ನೋಡಪಾ."

ಬಾಜೂಕ ಕೂತಿದ್ದ ಅಜ್ಜ, ಆಕಿ ಗಂಡ, ಗುಡುಗಿದ: "ನಾ ದಿನಾ ಕೇಳ್ತೇನಲ್ಲ, ಊಟಕ್ಕ ಏನೈತಿ ಅಂತ!"

೩. ಕೌದಿ ಮೂಲಿ

ಆಯಿ ಸುಮ್ಮನಿದ್ದದ್ದು ಪೂರಾ ಒಂದು ನಿಮಿಷ. ಅದನ್ನ ತಗದು ಒಗದೆ. ಪ್ರಶ್ನಿ, ಪಟ್ನ ಉತ್ತರ. ನನ್ನ ಬೆನ್ನು ನಾನ ಚಪ್ಪರಿಸ್ಕೊಂಡೆ.

ಊರಿಗೆ ತೋರಿಸೂ ಮೊದಲ ಆಕಿಗೆ ತೋರಿಸ್ತೇನಂತ ಮಾತು ಕೊಟ್ಟಿದ್ದೆ. ಆಕಿ ಒಲ್ಲೆ ಅಂದ್ರ ಎರಡು ವರ್ಷದ ದುಡಿಮಿ ನೀರಪಾಲು. ಆಯಿ ಲ್ಯಾಪ್‌ಟಾಪ್ ನೋಡಿ ತಲಿ ಅಲ್ಲಾಡಿಸಿದಳು.

"ಈಕಿ ನಾ ಅಲ್ಲ ತಮ್ಮಾ. ಇಂಥಾ ಮಾತಿಗೆ ಇಷ್ಟು ಲಗೂ ಯಾರರ ಉತ್ತರ ಕೊಡ್ತಾರ? ಈಕಿ ಬಾಯಿಪಾಠ ಮಾಡ್ಕೊಂಡು ಬಂದಾಳ. ಕೌದಿ ಮೂಲಿಗೆ ಮಡಚಿದ ತುಂಡಿನ ಹೂ ಹಚ್ಚಲಿಲ್ಲಂದ್ರ ಕೌದಿ ಬರಿಮೈಲೆ ಐತಿ ಅಂತೇವಿ ನಾವು. ನನ್ನನ್ನ ಹಂಗ ಊರಿಗೆ ತೋರಿಸ್ಬ್ಯಾಡ."

ಖರೇನ ನಾಚಿಕಿ ಆತು. ಇಷ್ಟು ವರ್ಷ ಮಂದಿ ವಿಚಾರ ಮಾಡೂ ಹೊತ್ತನ್ನೆಲ್ಲಾ ಕಸ ಅಂತ ಒಗದಿದ್ದೆ.

"ಆ ಒಂದು ನಿಮಿಷದ ಹೂ ವಾಪಸ್ ಹಚ್ತೇನಿ, ಆಯಿ."

"ಹಚ್ಚು. ಬೇಕಾದ್ರ ಅಜ್ಜನ್ನ ಕತ್ತರಿಸು."

೪. ನಿಂತ ಪಿಕ್ಚರ್

ಐತವಾರ ಮಧ್ಯಾಹ್ನ ಊರ ಸಾಲ್ಯಾಗ ಪಿಕ್ಚರ್ ಇಟ್ಟಿವಿ. ಬೆಳಕು ಬರಬಾರದಂತ ಕಿಡಕಿಗೆ ಆಯಿ ಕೌದಿ, ಪರದೆ ಅಂತ ಗ್ವಾಡಿಗೆ ಯಾರದೋ ಬಿಳಿ ಧೋತರ. ಮಂದಿ ಕಿಕ್ಕಿರಿದಿದ್ದರು. ನನ್ನ ಪ್ರಶ್ನಿ ಬಂತು. ಪರದೆ ಮ್ಯಾಲಿನ ಆಯಿ ಸುಮ್ಮನಾದಳು. ಯಾರೋ ಕೆಮ್ಮಿದರು.

"ನಿಂತ ಹೋತಲ್ರೀ!"

"ಕರೆಂಟ್ ಹೋತೇನು?"

"ಇಲ್ಲಪಾ, ಮಶೀನ್ ಕೆಟ್ಟೈತಿ!"

ಮಾಸ್ತರು ಪ್ರೊಜೆಕ್ಟರ್ ತಟ್ಟಾಕ ಎದ್ದರು. ಅಜ್ಜ ಲ್ಯಾಪ್‌ಟಾಪಿಗೆ ಕೈ ಹಾಕಿದ. ನಡುವ ಬಂದ್ ಮಾಡಿದ್ರ ಆಯಿಗೆ ಕೊಟ್ಟ ಮಾತೂ ಹೋತು, ಪಿಕ್ಚರೂ ಹೋತು.

ಅಷ್ಟರಾಗ ಮುಂದ ಕೂತಿದ್ದ ಆಯಿ ಎದ್ದು ನಿಂತು, ಮಂದಿ ಕಡೆ ತಿರುಗಿ ಗದರಿಸಿದಳು:

"ಯಾರೂ ಕೈ ಹಚ್ಚಬ್ಯಾಡ್ರಿ! ನಾ ಇನ್ನೂ ವಿಚಾರ ಮಾಡಾಕತ್ತೇನಿ!"