ನೀಲವ್ವನ ಹೊಲದ ಕೇಸು

ಕೋರ್ಟಿಗೆ ಹೋದರೆ ಗೆದ್ದವ ಸೋತ, ಸೋತವ ಸತ್ತ ಅಂತಾರೆ. ನಮ್ಮ ಕೇಸಿನಲ್ಲಿ ಇನ್ನೂ ಯಾರೂ ಗೆದ್ದಿಲ್ಲ, ಸೋತಿಲ್ಲ. ನನ್ನ ಹೆಂಡತಿ ಮಾತ್ರ ಸತ್ತಳು. ಆದರೂ ಅಲ್ಲಿ ಹೋದಾಗೊಮ್ಮೆ ನಗುವಂಥದ್ದು ಏನಾದರೂ ಆಗೇ ಆಗುತ್ತದೆ. ಮೊದಲು ಮನೆಗೆ ಬಂದು ಇಬ್ಬರೂ ನಗುತ್ತಿದ್ದೆವು. ಈಗ ಹೇಳಲಿಕ್ಕೆ ಮನೆಯಲ್ಲಿ ಯಾರೂ ಇಲ್ಲ. ಅದಕ್ಕೇ ಬರೀತೀನಿ.

ನಾನು ಗೌಂಡಿ. ವಿಜಯಪುರದ ಕಡೆಯಿಂದ ಪುಣೆಗೆ ಬಂದವ. ವಿಮಾನ ನಗರದಲ್ಲಿ ಮಂದಿಯ ಗೋಡೆ ಕಟ್ಟಿದೆ. ಹೊಲ ನನ್ನ ಹೆಂಡತಿದು, ನೀಲವ್ವಂದು. ಅವರಪ್ಪನೂ ನಮ್ಮ ಕಡೆಯವನೇ. ಪುಣೆಯ ಹೊರಗೆ ಒಂದಿಷ್ಟು ಹೊಲ ಕೊಂಡು ಒಬ್ಬಳೇ ಮಗಳಿಗೆ ಬಿಟ್ಟು ಹೋದ. ಸರಕಾರ ಅದನ್ನು ರಸ್ತೆಗೆ ತಗೊಂಡಿತು. ಬಾವಿ ನೀರಿನ ಹೊಲಕ್ಕೆ ಒಣ ಹೊಲದ ದರ ಹಾಕಿತು. ನೀಲವ್ವ ಕೋರ್ಟಿಗೆ ಹೋದಳು. ಅಲ್ಲಿ ಮಾತೆಲ್ಲ ಮರಾಠಿ. ನಾ ನಮ್ಮ ಮಾತಿನಲ್ಲಿ ಹೇಳ್ತೀನಿ.

ನೆರಳು

ಕೇಸಿಗಿಂತ ಮೊದಲು, ಹೊಲದ ಅಳತೆಗೆ ಸರ್ವೇಯರ್ ಬಂದ. ಸಂಗಡ ಇಬ್ಬರು. ಹೊಲಕ್ಕೆ ಬಂದವರನ್ನು ಉಪವಾಸ ಕಳಿಸಬಾರದು ಅನ್ನೋದು ನೀಲವ್ವನ ರೂಢಿ. ಹೊಲ ಕಸಿಯಲಿಕ್ಕೆ ಬಂದವರಿಗೂ ರೊಟ್ಟಿ, ಝುಣಕ, ಹಸಿ ಉಳ್ಳಾಗಡ್ಡಿ ಕೊಟ್ಟಳು. ಉಂಡರು. ಮಾವಿನ ಗಿಡದ ಕೆಳಗೆ ಅಡ್ಡಾದರು. ಬಿಸಿಲು ಇಳಿದ ಮೇಲೆ ಎದ್ದು ಹೋದರು.

ವರದಿ ಬಂತು: ಹೊಲದಲ್ಲಿ ಗಿಡಮರ ಇಲ್ಲ.

ನೀಲವ್ವ ಕಚೇರಿಗೇ ಹೋದಳು. "ಅಣ್ಣಾ, ಗಿಡ ಇದ್ದಿಲ್ಲಂದ್ರ ಅವತ್ತ ಯಾರ ನೆರಳಾಗ ಗೊರಕಿ ಹೊಡದ್ರಿ?"

ಸರ್ವೇಯರ್ ತಲೆ ಎತ್ತಲಿಲ್ಲ. "ಅವತ್ತ ಮೋಡ ಆಗಿತ್ತು ಅಕ್ಕಾ" ಅಂದ.

ಬಾವಿ

ನೀಲವ್ವ ಸಾಕ್ಷಿ ಹೇಳಲಿಕ್ಕೆ ನಿಂತಳು. ಸರಕಾರದ ವಕೀಲರು ಕೇಳಿದರು, "ಬ್ಯಾಸಿಗ್ಯಾಗ ನಿಮ್ಮ ಬಾವಿ ಬತ್ತತದ, ಹೌದಿಲ್ಲೋ?"

"ಇಲ್ರಿ. ನೀರ ಇರ್ತದ."

"ಎಷ್ಟ ನೀರ ಇರ್ತದ?"

"ಅಳತಿ ಗೊತ್ತಿಲ್ರಿ. ನಿಮಗ ಈಸಲಿಕ್ಕೆ ಬರ್ತದೇನು?"

"ಇಲ್ಲ."

"ಹಂಗಾರ ನಿಮಗ ಸಾಕಾಗೂವಷ್ಟ ಅದ."

ಜಡ್ಜ್ ಸಾಹೇಬರು ಫೈಲಿನ ಹಿಂದೆ ಮುಖ ಇಟ್ಟರು. ಬಹಳ ಹೊತ್ತು ತೆಗೆಯಲಿಲ್ಲ.

ಬಾಜೂ ಹೊಲದವ

ಹೊಲದ ದರ ಹಿಡಿಯೋದು ಆಜುಬಾಜು ಹೊಲ ಮಾರಿದ ಕಾಗದ ನೋಡಿ. ನಮ್ಮ ಬಾಜೂ ಹೊಲ ಕೊಂಡವ ಸ್ಟ್ಯಾಂಪಿನ ಖರ್ಚು ಉಳಿಸಲಿಕ್ಕೆ ಖರೇ ಬೆಲೆಯ ಅರ್ಧ ಬರೆಸಿದ್ದ. ಸರಕಾರ ಅದೇ ಕಾಗದ ಮುಂದೆ ಇಟ್ಟಿತು. ಅವನ ಹೊಲವೂ ರಸ್ತೆಗೆ ಹೋಗಿತ್ತು. ಸಾಕ್ಷಿಗೆ ಬಂದು ಕೈ ಮುಗಿದ. "ಸಾಹೇಬ್ರ, ಆ ಕಾಗದ ಸುಳ್ಳರಿ."

"ಸಹಿ ಯಾರದು?" ಸರಕಾರದ ವಕೀಲರು ಕೇಳಿದರು.

"ನಂದ."

"ಅಂದ್ರ ಸರಕಾರಕ್ಕ ಸುಳ್ಳ ಹೇಳಿದಿ?"

ಅವ ವಿಚಾರ ಮಾಡಿದ. "ಕೊಡೂವಾಗ ಹೇಳೀನ್ರಿ. ತಗೊಳ್ಳೂವಾಗ ಖರೇನ ಹೇಳ್ತೀನಿ."

ಸ್ವಾರಗೇಟದಲ್ಲಿ ಬಸ್ಸಿಗೆ ಕಾಯುವಾಗಲೂ ನೀಲವ್ವ ಸೆರಗು ಬಾಯಿಗೆ ಹಿಡಿದು ನಗುತ್ತಿದ್ದಳು. ಆಕಿ ಕೋರ್ಟಿಗೆ ಬಂದದ್ದು ಅದೇ ಕಡೇ ಸಲ.

ಬಾಸಿಂಗ

ಆಕಿ ಹೋದ ಮೇಲೆ ನಮ್ಮ ವಕೀಲರು ಹೇಳಿದರು, "ಕಾಕಾ, ವಾರಸದಾರ ಅಂತ ನಿಮ್ಮ ಹೆಸರ ಹಚ್ಚಬೇಕು. ಇಲ್ಲಂದ್ರ ಕೇಸೂ ಸಾಯ್ತದ."

ನನಗೆ ಮನಸ್ಸಿರಲಿಲ್ಲ. ಮಕ್ಕಳಿಲ್ಲ ನಮಗೆ. ಇಡೀ ಪುಣೆಯಲ್ಲಿ ಆಕಿಯ ಹೆಸರು ಹಿಡಿದು ಕೂಗುವವ ಕೋರ್ಟಿನ ಶಿಪಾಯಿ ಒಬ್ಬನೇ ಉಳಿದಿದ್ದ. ನನ್ನ ಹೆಸರು ಬಂದರೆ ಅದೂ ನಿಂತಂತೆಯೇ. ಆದರೆ ಆಕಿ ಹಟ ಹಿಡಿದು ಹಾಕಿದ ಕೇಸು. ಸಾಯಲಿಕ್ಕೆ ಬಿಡೋದು ಹ್ಯಾಂಗ? ಆಗಲಿ ಅಂದೆ.

ಗಂಡ ಅನ್ನಲಿಕ್ಕೆ ಪುರಾವೆ ಬೇಕಂತ. ಮದುವೆಯ ಫೋಟೋ ಒಯ್ದೆ. ಗುಮಾಸ್ತ ತಿರುವಿ ಮುರುವಿ ನೋಡಿದ. "ಇದರಾಗ ನೀವು ಯಾರು?"

"ಇಂವ."

"ಮಾರಿ ಎಲ್ಲಿ ಅದ?"

"ಬಾಸಿಂಗದ ಹಿಂದ ಅದ. ಹೂವಿನಾಗ."

"ನೀವ ಅಂತ ಹೇಳವ್ರು ಯಾರರ ಅದಾರೇನು?"

"ಒಬ್ಬಾಕಿ ಇದ್ಲು" ಅಂದೆ. "ಆಕಿಗೂ ಮರುದಿನಾನ ಗೊತ್ತಾತು."

ಕಡೆಗೆ ರೇಷನ್ ಕಾರ್ಡು ನನ್ನನ್ನು ಗಂಡ ಅಂತ ಒಪ್ಪಿತು.

ಮಯತ

ಹೆಸರು ಹತ್ತಿದ ಮೇಲೆ ಕೋರ್ಟಿನ ಮೊದಲ ತಾರೀಖು. ಬಾಗಿಲ ಹೊರಗೆ ಬೆಂಚಿನ ಮೇಲೆ ಕುಳಿತಿದ್ದೆ. ಬಾಜೂಕ ಜಾಗಾ ಬಿಟ್ಟೇ ಕುಳಿತಿದ್ದೆ, ರೂಢಿ. ವಕೀಲರು ಬಂದು ಕಾಗದ ತೋರಿಸಿದರು. "ನೋಡ್ರಿ ಕಾಕಾ, ಅವರ ಹೆಸರ ತಗದಿಲ್ಲ. ಮ್ಯಾಲಿನ ಸಾಲಿನಾಗ 'ಮಯತ ನೀಲವ್ವಾ'. ಮಯತ ಅಂದ್ರ ತೀರಿಕೊಂಡವ್ರು. ಕೆಳಗಿನ ಸಾಲಿನಾಗ ವಾರಸದಾರ ಅಂತ ನಿಮ್ಮದು."

ನಾ ಮೇಲಿನ ಸಾಲು ನೋಡುತ್ತ ಕುಳಿತೆ.

ಶಿಪಾಯಿಗೆ ಅವತ್ತು ಅವಸರ. ಮೇಲಿನ ಸಾಲಷ್ಟೇ ಓದಿದ. ಬಾಗಿಲಲ್ಲಿ ನಿಂತು ಇಡೀ ಓಣಿ ಕೇಳುವಂತೆ ಕೂಗಿದ. "ಮಯತ ನೀಲವ್ವಾ, ಹಾಜರ್ ಹೋ!"

ಗದ್ದಲ ನಿಂತಿತು. ಒಬ್ಬ ಮುದುಕ ರಾಮ ರಾಮ ಅಂದ. ಯಾರೂ ಏಳಲಿಲ್ಲ. ಶಿಪಾಯಿ ಮತ್ತೂ ಜೋರಾಗಿ ಕೂಗಿದ. ನಾ ಎದ್ದು ಒಳಗೆ ಹೋದೆ.

"ಯಾರು ನೀವು?" ಅಂದರು ಜಡ್ಜ್ ಸಾಹೇಬರು.

"ಆಕಿ ಗಂಡರಿ. ಆಕಿಗೆ ಬರಲಿಕ್ಕೆ ಆಗಿಲ್ರಿ."

ಸಾಹೇಬರು ಪೆನ್ನು ಕೆಳಗಿಟ್ಟರು. ಶಿಪಾಯಿಯನ್ನು ದಿಟ್ಟಿಸಿದರು. ನಗು ಬಂದಿತ್ತು, ನುಂಗಿದರು. ಮುಂದಿನ ತಾರೀಖು ಕೊಟ್ಟರು.

ಹೊರಗೆ ಶಿಪಾಯಿ ನನ್ನ ಕೈ ಹಿಡಿದುಕೊಂಡ. "ಚುಕಲಂ ಕಾಕಾ, ತಪ್ಪಾತು. ಸತ್ತವರನ್ನ ಹಂಗ ಕರೀಬಾರದಿತ್ತು."

"ಇರ್ಲಿ ಬಿಡಪಾ" ಅಂದೆ. "ಮುಂದಿನ ತಾರೀಖಿಗೂ ಹಂಗ ಕೂಗು. ಬಂದ್ರ ಬರ್ಲಿ."