ಸಿಗಡಿ ಸುಲಿದ ಹೆಬ್ಬೆಟ್ಟು

ಸರ್ಕಾರಿ ಗುಮಾಸ್ತನನ್ನು ಗೇಲಿ ಮಾಡುವ ಧಾರಾವಾಹಿ ಟಿವಿಯಲ್ಲಿ ಬಂದರೆ ನಾನು ಅನ್ನ ತಣ್ಣಗಾದರೂ ಏಳುವವನಲ್ಲ. ಕನ್ನಡಕ ಏರಿಸಿ, ಎದುರು ನಿಂತವನನ್ನು ‘ನೀನು ನೀನೇ ಎನ್ನುವುದಕ್ಕೆ ಪುರಾವೆ ತಾ’ ಎಂದು ಆ ಗುಮಾಸ್ತ ಕೇಳಿದಾಗಲೆಲ್ಲ ನಗುತ್ತೇನೆ. ಮೂವತ್ತು ವರ್ಷದಿಂದ ಪತ್ರಿಕೆಗೆ ವರದಿ ಬರೆಯುತ್ತಿರುವವನ ನಗು ಅದು. ಖುಷಿಗಿಂತ ತಿರಸ್ಕಾರವೇ ಹೆಚ್ಚು.

ಕಳೆದ ತಿಂಗಳು ಗಿರಿಜಕ್ಕನ ಜೊತೆ ಅಂಕೋಲೆಯ ಒಂದು ಕಚೇರಿಗೆ ಹೋಗಬೇಕಾಯಿತು. ಗಿರಿಜಕ್ಕ ನಮ್ಮ ಓಣಿಗೆ ಮೀನು ತರುವವಳು. ಯಂತ್ರಕ್ಕೆ ಅವಳ ಹೆಬ್ಬೆಟ್ಟಿನ ಗುರುತು ಸಿಗದೆ ರೇಷನ್ ಅಕ್ಕಿ ನಿಂತಿತ್ತು. ಈ ಸಲವೂ ಸಿಗದಿದ್ದರೆ ಕಾರ್ಡಿನಿಂದ ಹೆಸರೇ ಹೋಗುತ್ತದೆ ಎಂದಿದ್ದರು. ಸಿಗಡಿ ಸುಲಿದು ಸುಲಿದು ಅವಳ ಬೆರಳಿನ ಗೆರೆಗಳು ಸವೆದಿವೆ. ಸಾಲದ್ದಕ್ಕೆ, ಸಾಹೇಬರ ಮುಂದೆ ಮೀನು ನಾರಬಾರದೆಂಬ ಮರ್ಯಾದೆಯಿಂದ ಬೆಳಿಗ್ಗೆ ಹುಣಸೆಹಣ್ಣು, ಬೂದಿ ಹಾಕಿ ಕೈ ತಿಕ್ಕಿಕೊಂಡು ಬಂದಿದ್ದಳು. ಉಳಿದಿದ್ದ ನಾಲ್ಕು ಗೆರೆಯೂ ಅಲ್ಲಿಗೆ ಮುಗಿದಿತ್ತು.

ಗುಮಾಸ್ತ ಆರು ಸಲ ಹೆಬ್ಬೆಟ್ಟು ಒತ್ತಿಸಿದ. ಆರು ಸಲವೂ ಕೆಂಪು ದೀಪ.

“ಕೂಡೂದಿಲ್ಲ ಗಿರಿಜಕ್ಕ. ನೀ ಗಿರಿಜಾ ಹೌದು ಅಂತ ನಾ ಹ್ಯಾಂಗೆ ಬರೀಲಿ?”

“ನಿನ್ನೆ ನನ್ನ ಹತ್ರನೇ ಬಂಗಡೆ ತಕಂಡ್ರಲಾ ಒಡೆಯಾ.”

“ತಕಂಡೆ. ಮೆತ್ತಗಿತ್ತು. ಮನೇಲಿ ಬೈಸ್ಕಂಡೆ. ನಾಳೆ ಗಟ್ಟಿ ಇದ್ದದ್ದು ತಾ,” ಎಂದವನು ಕಾಗದದ ಮೇಲೆ ‘ಗುರುತು ದೃಢಪಟ್ಟಿಲ್ಲ’ ಎಂದು ಬರೆದ. ಆಮೇಲೆ ನನ್ನತ್ತ ತಿರುಗಿ, “ನಿನ್ನೆ ಆ ಧಾರಾವಾಹಿ ನೋಡಿದ್ರಾ ಸರ್? ಆ ಗುಮಾಸ್ತ ಎಂಥಾ ಕತ್ತೆ ಮಾರಾಯ್ರೆ,” ಎಂದು ಹೊಟ್ಟೆ ಹಿಡಿದು ನಕ್ಕ. ಕನ್ನಡಿ ಎಷ್ಟು ದೊಡ್ಡದಿದ್ದರೂ ಕೆಲವರಿಗೆ ಅದರಲ್ಲಿ ಪಕ್ಕದವರೇ ಕಾಣುತ್ತಾರೆ.

ಮರುದಿನ ಗಿರಿಜಕ್ಕ ನಮ್ಮ ಅಂಗಳದಲ್ಲಿ ಬುಟ್ಟಿ ಇಳಿಸಿ, “ಪೇಪರಿನಲ್ಲಿ ಬರಿ ತಮಾ. ನೀನೇ ಕಂಡ್ಯಲಾ,” ಎಂದಳು. ದಾಖಲೆಯಿಲ್ಲದೆ ಒಂದು ಸಾಲನ್ನೂ ಅಚ್ಚಿಗೆ ಕೊಟ್ಟವನಲ್ಲ ನಾನು. ಅಭ್ಯಾಸಬಲದಿಂದ ಕನ್ನಡಕ ಏರಿಸಿ ಕೇಳಿದೆ: “ಅವ ನಿನ್ನ ಹತ್ರ ಮೀನು ತಕಂಡದ್ದಕ್ಕೆ ಏನಾದ್ರೂ ದಾಖಲೆ ಇದ್ಯಾ ಗಿರಿಜಕ್ಕ?”

ಅವಳು ಬುಟ್ಟಿಗೆ ಬಾಳೆಎಲೆ ಮುಚ್ಚಿ ತಲೆಗೇರಿಸಿದಳು. “ದಿನಾ ಮೀನು ತಕಂಬ ತಮ್ಮ ನೀನೇ ಹೌದನಾ? ಮೊದ್ಲು ಕಾಗದ ತೋರ್ಸು. ಬಂಗಡೆ ಆಮೇಲೆ.”

ಈಗ ಗಿರಿಜಕ್ಕನ ಹೆಸರು ಕಾರ್ಡಿನಿಂದ ಹೋಗಿದೆ. ನನ್ನ ತಟ್ಟೆಯಲ್ಲಿ ಬರೀ ಸಾರು ಅನ್ನ. ಟಿವಿಯಲ್ಲಿ ಗುಮಾಸ್ತ ಇಂದೂ ಪುರಾವೆ ಕೇಳುತ್ತಿದ್ದಾನೆ. ಅವನು ಕನ್ನಡಕ ಏರಿಸುವ ರೀತಿಯನ್ನು ಬೇರೆಲ್ಲೋ ನೋಡಿದ ನೆನಪು. ಎಲ್ಲಿ ಎಂಬುದಕ್ಕೆ ಮಾತ್ರ ನನ್ನ ಬಳಿ ದಾಖಲೆ ಇಲ್ಲ.